ಪಿಸ್ತೂಲಿನ ಪುಟ್ಟ ಲೇಸರ್-ಲೈಟ್ ಕೈಕೊಟ್ಟರೆ: ದೋಷ ಎಲ್ಲಿದೆ ಎಂದು ಹುಡುಕುವ ಬಗೆ

ಪಿಸ್ತೂಲಿನ ನಳಿಗೆಯ ಕೆಳಗೆ ಕೂತು, ಟಾರ್ಚಿನಂತೆ ಬೆಳಕನ್ನೂ ಗುರಿ ತೋರಿಸುವ ಲೇಸರ್ ಚುಕ್ಕೆಯನ್ನೂ ಬಿಡುವ ಪುಟ್ಟ ಲೇಸರ್-ಲೈಟ್ ಬಗ್ಗೆ ಬರುವ ದೂರುಗಳು ಬಹುಪಾಲು ನಾಲ್ಕೇ. ಬೆಳಗುವುದಿಲ್ಲ, ಬೆಳಗಿ ಆರಿಹೋಗುತ್ತದೆ, ಚುಕ್ಕೆ ಒಂದು ಕಡೆ ಗುಂಡು ಇನ್ನೊಂದು ಕಡೆ, ಲೇಸರ್ ಕಾಣಿಸುವುದೇ ಇಲ್ಲ. ಈ ಬರಹ ಆ ನಾಲ್ಕರ ಸುತ್ತ ಇದೆ. ಹೊಸದಾಗಿ ಕೊಂಡ ಸಾಧನವನ್ನು ನಂಬಬಹುದೇ ಎಂದು ಪರೀಕ್ಷೆ ಮಾಡುವವರಿಗೂ ಇದೇ ದಾರಿ ಸಾಕು.

ಒಂದು ಮಾತನ್ನು ಮೊದಲೇ ಹೇಳಿಬಿಡುತ್ತೇನೆ. ಇಂಥ ಸಾಧನ ಕೆಟ್ಟಿತು ಅಂದ ಕೂಡಲೇ ಎಲ್ಲರ ಕಣ್ಣು ಒಳಗಿನ ಸರ್ಕ್ಯೂಟ್ ಮೇಲೆ ಹೋಗುತ್ತದೆ. ಆದರೆ ತೊಂದರೆ ಹೆಚ್ಚಾಗಿ ಇರುವುದು ಎರಡು ವಸ್ತು ಒಂದನ್ನೊಂದು ಮುಟ್ಟುವ ಜಾಗದಲ್ಲಿ. ಬ್ಯಾಟರಿಯ ತುದಿ ಸ್ಪ್ರಿಂಗನ್ನು ಮುಟ್ಟುವ ಕಡೆ, ಸಾಧನದ ಕ್ಲ್ಯಾಂಪ್ ನಳಿಗೆಯ ಕೆಳಗಿನ ಗೀರುಪಟ್ಟಿಯನ್ನು, ಅಂದರೆ ರೈಲನ್ನು ಹಿಡಿಯುವ ಕಡೆ, ಸ್ಕ್ರೂ ತನ್ನ ತೂತಿನಲ್ಲಿ ಕೂರುವ ಕಡೆ. ಮೊದಲು ಅಲ್ಲಿ ನೋಡಿ. ಸರ್ಕ್ಯೂಟ್ ಕೊನೆಗೆ.

ಇನ್ನೊಂದು ಮಾತೂ ಅಷ್ಟೇ ಮುಖ್ಯ. ಚಿಕ್ಕದು ಅಂದಮೇಲೆ ಕೆಲವು ಕೊರತೆಗಳು ಹುಟ್ಟಿನಿಂದಲೇ ಇರುತ್ತವೆ. ಬ್ಯಾಟರಿ ಬೇಗ ಮುಗಿಯುವುದು, ಬೇಗ ಬಿಸಿಯಾಗುವುದು ಇವೆಲ್ಲ ಸ್ವಭಾವ. ಸ್ವಭಾವವನ್ನು ದೋಷ ಅಂದುಕೊಂಡು ಸ್ಕ್ರೂ ತಿರುಗಿಸುತ್ತಾ ಕೂತರೆ ಸರಿಯಾಗಿದ್ದದ್ದೂ ಹಾಳಾಗುತ್ತದೆ.

ಕೈ ಹಾಕುವ ಮೊದಲು

ಗುಂಡು ತುಂಬುವ ಮ್ಯಾಗಜಿನ್ ಹೊರಗೆ ತೆಗೆಯಿರಿ. ಪಿಸ್ತೂಲಿನ ಮೇಲೆ ಹಿಂದೆಮುಂದೆ ಜಾರುವ ಭಾಗವಾದ ಸ್ಲೈಡ್ ಹಿಂದಕ್ಕೆ ಎಳೆದು ನಿಲ್ಲಿಸಿ. ಗುಂಡು ಕೂರುವ ಚೇಂಬರ್ ಖಾಲಿ ಇದೆಯೇ ಎಂದು ಕಣ್ಣಲ್ಲಿ ನೋಡಿ, ಕಿರುಬೆರಳು ಹಾಕಿಯೂ ನೋಡಿ. ಗುಂಡುಗಳನ್ನು ಬೇರೆ ಕೋಣೆಯಲ್ಲಿ ಇಡಿ. ಪಿಸ್ತೂಲು ನಿಮ್ಮ ಕೈಬಿಟ್ಟು ಮತ್ತೆ ಕೈಗೆ ಬಂದಾಗಲೆಲ್ಲ ಇಷ್ಟನ್ನೂ ಮತ್ತೆ ಮಾಡಬೇಕು. ಪುಟ್ಟ ಸಾಧನಗಳ ವಿಷಯದಲ್ಲಿ ನಾನು ಇದನ್ನು ಇಷ್ಟು ಒತ್ತಿ ಹೇಳುವುದಕ್ಕೆ ಕಾರಣ ಇದೆ. ಅವುಗಳ ಕ್ಲ್ಯಾಂಪ್ ಸ್ಕ್ರೂ, ಬ್ಯಾಟರಿ ಮುಚ್ಚಳ, ಲೆನ್ಸ್ ಎಲ್ಲವೂ ನಳಿಗೆಯ ಬಾಯಿಗೆ ಬೆರಳಷ್ಟೇ ದೂರದಲ್ಲಿ ಇರುತ್ತವೆ. ಸ್ವಿಚ್ ಟ್ರಿಗರ್ ಗಾರ್ಡಿಗೆ, ಅಂದರೆ ಟ್ರಿಗರ್ ಸುತ್ತಲಿನ ಬಳೆಗೆ ಅಂಟಿಕೊಂಡಂತೆ ಇರುತ್ತದೆ. ಲೆನ್ಸ್ ಒರೆಸುವ ಕೈ ನಳಿಗೆಯ ಮುಂದೆಯೇ ಬರುತ್ತದೆ ಅಲ್ವಾ? ಸಾಧ್ಯವಾದ ಕೆಲಸವನ್ನೆಲ್ಲ ಸಾಧನವನ್ನು ಪಿಸ್ತೂಲಿನಿಂದ ಬಿಚ್ಚಿಯೇ ಮಾಡಿ.

ಲೇಸರ್ ಕಡೆಯಿಂದಲೂ ಜಾಗ್ರತೆ ಬೇಕು. ಇವುಗಳಲ್ಲಿ ಸಾಮಾನ್ಯವಾಗಿ ಇರುವುದು 5 ಮಿಲಿವ್ಯಾಟ್ ಒಳಗಿನ ಲೇಸರ್. ನೇರವಾಗಿ ಕಣ್ಣಿಗೆ ಬಿದ್ದರೆ ಅದೂ ಕೆಡುಕು ಮಾಡಬಲ್ಲದು. ಕನ್ನಡಿ, ಗಾಜಿನ ಕಿಟಕಿ, ಹೊಳಪಿನ ಸ್ಟೀಲ್ ಕಡೆ ಬಿಡಬೇಡಿ. ಲೇಸರ್ ಉರಿಯುತ್ತಿದೆಯೇ ಎಂದು ಕಿಂಡಿಯೊಳಗೆ ಬಗ್ಗಿ ನೋಡುವವರಿದ್ದಾರೆ. ದಯವಿಟ್ಟು ಬೇಡ. ಎರಡು ಮೂರು ಮೀಟರ್ ಆಚೆ ಮಂಕು ಬಿಳಿ ಕಾಗದ ಅಂಟಿಸಿ, ಅದರ ಮೇಲೆ ಚುಕ್ಕೆ ನೋಡಿ.

ಏನೂ ಬೆಳಗುತ್ತಿಲ್ಲ

ಮೊದಲು ಮೋಡ್ ನೋಡಿ. ಲೇಸರ್ ಮತ್ತು ಲೈಟ್ ಎರಡೂ ಇರುವ ಸಾಧನಗಳಲ್ಲಿ ಲೈಟ್ ಮಾತ್ರ, ಲೇಸರ್ ಮಾತ್ರ, ಎರಡೂ ಒಟ್ಟಿಗೆ ಎಂದು ಮೂರು ಆಯ್ಕೆ ಇರುವುದು ವಾಡಿಕೆ. ಕೆಲವದರಲ್ಲಿ ಇದಕ್ಕೆ ಪುಟ್ಟ ಜಾರುಗುಂಡಿ ಇರುತ್ತದೆ. ಕೆಲವದರಲ್ಲಿ ಎರಡು ಗುಂಡಿಗಳನ್ನು ಒಟ್ಟಿಗೆ ಒತ್ತಿ ಹಿಡಿದರೆ ಮೋಡ್ ಬದಲಾಗುತ್ತದೆ. ಪಿಸ್ತೂಲು ಇಡುವ ಚೀಲಕ್ಕೆ, ಅಂದರೆ ಹೋಲ್‌ಸ್ಟರಿಗೆ ಉಜ್ಜಿ ಆ ಗುಂಡಿ ಅರ್ಧಕ್ಕೆ ನಿಂತಿದ್ದರೆ ಸಾಧನ ಸತ್ತಂತೆ ಕಾಣುತ್ತದೆ. "ಲೇಸರ್ ಹೋಯ್ತು" ಎಂದು ವಾಪಸ್ ಕಳಿಸುವ ಮೊದಲು ಇದೊಂದನ್ನು ನೋಡಲೇಬೇಕು.

ಆಮೇಲೆ ಬ್ಯಾಟರಿಯ ದಿಕ್ಕು. ಪ್ಲಸ್ ಎಲ್ಲಿ ಮೈನಸ್ ಎಲ್ಲಿ ಎಂದು ಮುಚ್ಚಳದ ಒಳಗೆ ಗುರುತು ಇರುತ್ತದೆ. ಆದರೆ ಅದು ಕಪ್ಪು ಪ್ಲಾಸ್ಟಿಕ್ ಮೇಲೆ ಕಪ್ಪು ಅಚ್ಚು. ಟಾರ್ಚ್ ಬಿಟ್ಟು ಓರೆಯಾಗಿ ನೋಡಿ. ಎರಡು ಚಿಕ್ಕ ಸೆಲ್‌ ಹಾಕುವ ಮಾದರಿಗಳಲ್ಲಿ ಒಂದನ್ನು ತಿರುಗುಮುರುಗು ಹಾಕುವುದು ಬಲು ಸುಲಭ.

ದಿಕ್ಕು ಸರಿ ಇದ್ದರೆ ಸೆಲ್ ಅನ್ನೇ ಪರೀಕ್ಷಿಸಿ. ಇಲ್ಲಿ ಸ್ವಲ್ಪ ನಿಧಾನಿಸೋಣ, ಏಕೆಂದರೆ ಮಲ್ಟಿಮೀಟರ್ ಇಟ್ಟುಕೊಂಡವರೂ ಇಲ್ಲಿ ಮೋಸ ಹೋಗುತ್ತಾರೆ. ಈ ಸಾಧನಗಳಲ್ಲಿ ಸಾಮಾನ್ಯವಾಗಿ ಬಳಸುವುದು 3 ವೋಲ್ಟಿನ ಲಿಥಿಯಂ ಸೆಲ್. ಮಧ್ಯಮ ಗಾತ್ರದವುಗಳಲ್ಲಿ ಒಂದು ಸಿಆರ್123ಎ, ತೀರಾ ಚಿಕ್ಕವುಗಳಲ್ಲಿ ಎರಡು ಸಿಆರ್-1/3ಎನ್. ಲಿಥಿಯಂ ಸೆಲ್ ತನ್ನ ಆಯುಷ್ಯದ ಹೆಚ್ಚು ಭಾಗ ಒಂದೇ ವೋಲ್ಟೇಜ್ ತೋರಿಸುತ್ತಾ ಬಂದು, ಕೊನೆಯಲ್ಲಿ ದಿಢೀರ್ ಕುಸಿಯುತ್ತದೆ. ಹಾಗಾಗಿ ಸುಮ್ನೆ ಮೀಟರ್ ಮುಟ್ಟಿಸಿದಾಗ 3 ವೋಲ್ಟ್ ಬಂತು ಎಂದರೆ ಸೆಲ್ ಚೆನ್ನಾಗಿದೆ ಎಂದು ಅರ್ಥವಲ್ಲ. ಭಾರ ಹಾಕಿ, ಅಂದರೆ ಸೆಲ್ಲಿನಿಂದ ಕರೆಂಟ್ ಎಳೆಸಿ ನೋಡಬೇಕು. ಸಿಆರ್123ಎ ಆದರೆ 10 ಓಮ್, 2 ವ್ಯಾಟಿನ ಒಂದು ರೆಸಿಸ್ಟರನ್ನು ಸೆಲ್ ಎರಡು ತುದಿಗೆ ನಾಲ್ಕೈದು ಸೆಕೆಂಡ್ ಮುಟ್ಟಿಸಿ, ಅದೇ ಹೊತ್ತಿಗೆ ವೋಲ್ಟೇಜ್ ನೋಡಿ. ಸುಮಾರು 0.3 ಆಂಪಿಯರ್ ಹರಿಯುತ್ತದೆ. ಗಟ್ಟಿ ಸೆಲ್ ಅಷ್ಟಕ್ಕೆ ಬಗ್ಗುವುದಿಲ್ಲ. 2.5 ವೋಲ್ಟಿಗಿಂತ ಕೆಳಗೆ ಇಳಿದರೆ ಆ ಸೆಲ್ ಈ ಕೆಲಸಕ್ಕೆ ಬೇಡ. ರೆಸಿಸ್ಟರ್ ಇಲ್ಲದಿದ್ದರೆ ಹೊಸ ಪ್ಯಾಕೆಟ್ ಒಡೆದು ಹೊಸ ಸೆಲ್ ಹಾಕಿ ನೋಡಿ. ಅದಕ್ಕಿಂತ ಒಳ್ಳೆಯ ಪರೀಕ್ಷೆ ಇಲ್ಲ.

ಸಿಆರ್-1/3ಎನ್ ಮೇಲೆ ಈ 10 ಓಮ್ ಪ್ರಯೋಗ ಮಾಡಬೇಡಿ. ಸಿಆರ್123ಎಯಲ್ಲಿ ಸುಮಾರು 1500 ಮಿಲಿಆಂಪ್-ಗಂಟೆ ಶಕ್ತಿ ಇದ್ದರೆ ಇದರಲ್ಲಿ 160ರ ಆಸುಪಾಸು. ಹೆಚ್ಚುಕಡಿಮೆ ಒಂಬತ್ತರಲ್ಲಿ ಒಂದು ಪಾಲು. ಬೆರಳ ತುದಿಯಷ್ಟು ಸೆಲ್‌ ಎರಡು ಹಾಕಿ ನಡೆಯುವ ಲೈಟ್ ಗಂಟೆಯೊಳಗೆ ಮಂಕಾಯಿತು ಎಂದರೆ ಅದು ದೋಷವಲ್ಲ, ಅಳತೆಗೆ ತಕ್ಕ ಆಯುಷ್ಯ.

ಹಳೆ ಸೆಲ್ ಒಂದು, ಹೊಸ ಸೆಲ್ ಒಂದು ಸೇರಿಸಿ ಹಾಕುವುದು ಅಪಾಯ. ಬಲವಿಲ್ಲದ ಸೆಲ್ ಮೊದಲು ಬರಿದಾಗುತ್ತದೆ, ಬಲವಿರುವುದು ಅದರ ಮೂಲಕ ಕರೆಂಟ್ ನೂಕುತ್ತಲೇ ಇದ್ದು ಅದರ ಪ್ಲಸ್-ಮೈನಸ್ ಉಲ್ಟಾ ಆಗುತ್ತದೆ. ಲಿಥಿಯಂ ಸೆಲ್ ಬಿಸಿಯಾಗಿ ಅನಿಲ ಉಗುಳುವುದು, ಬೆಂಕಿ ಹಿಡಿಯುವುದು ಹೀಗೇ. ಬದಲಾಯಿಸಿದರೆ ಎರಡನ್ನೂ ಒಟ್ಟಿಗೆ, ಒಂದೇ ಕಂಪನಿಯದು, ಒಂದೇ ಪ್ಯಾಕೆಟಿನದು. ಸಿಆರ್123ಎ ಜಾಗದಲ್ಲಿ ಅದೇ ಗಾತ್ರದ ಚಾರ್ಜ್ ಆಗುವ ಸೆಲ್ ಹಾಕುವ ಆಸೆಯೂ ಹಲವರಿಗೆ ಇದೆ. ಪೂರ್ತಿ ಚಾರ್ಜ್ ಆದಾಗ ಅದು 4.2 ವೋಲ್ಟ್ ಕೊಡುತ್ತದೆ. 3 ವೋಲ್ಟಿಗೆ ಮಾಡಿದ ಸರ್ಕ್ಯೂಟ್ ಅದನ್ನು ತಡೆಯುತ್ತದೆ ಎಂದು ತಯಾರಕರು ಬರೆದು ಕೊಟ್ಟಿದ್ದರೆ ಮಾತ್ರ ಹಾಕಿ.

ಅಯಸ್ಕಾಂತದ ಚಾರ್ಜರ್ ಇರುವ ಮಾದರಿ ಚಾರ್ಜ್ ಆಗುತ್ತಿಲ್ಲ ಎಂದರೆ ಆ ಎರಡು ಲೋಹದ ಬಿಂದುಗಳನ್ನು ಹತ್ತಿರದಿಂದ ನೋಡಿ. ಕಬ್ಬಿಣದ ಪುಡಿ ಅಲ್ಲಿ ಮೀಸೆಯಂತೆ ನಿಂತಿರುತ್ತದೆ. ಅಂಟು ಟೇಪ್ ಒತ್ತಿ ಎತ್ತಿದರೆ ಪುಡಿ ಬಂದುಬಿಡುತ್ತದೆ.

ಬೆಳಗುತ್ತದೆ, ಆದರೆ ಆರುತ್ತದೆ

ಯಾವಾಗ ಆರುತ್ತದೆ ಎಂಬುದರಲ್ಲೇ ಅರ್ಧ ಉತ್ತರ ಇದೆ.

ಗುಂಡು ಹಾರಿದ ಕ್ಷಣಕ್ಕೇ ಕಣ್ಣು ಮಿಟುಕಿಸಿದಂತೆ ಆರಿ ಮತ್ತೆ ಬೆಳಗಿದರೆ ಸೆಲ್ ಕುಣಿಯುತ್ತಿದೆ. ಪಿಸ್ತೂಲು ಹಿಂದಕ್ಕೆ ಒದೆಯುವಾಗ ಸಾಧನವೂ ಹಿಂದಕ್ಕೆ ಹೋಗುತ್ತದೆ. ಸೆಲ್ ಮಾತ್ರ ಇದ್ದಲ್ಲೇ ಇರಲು ನೋಡುತ್ತದೆ. ಸ್ಪ್ರಿಂಗ್ ಸಡಿಲವಾಗಿದ್ದರೆ ಆ ಒಂದು ಕ್ಷಣ ತುದಿ ಬಿಟ್ಟುಹೋಗುತ್ತದೆ. ಕೆಲವು ಸಾಧನಗಳಲ್ಲಿ ಹೀಗೆ ಕರೆಂಟ್ ಕಡಿದಾಗ ಸರ್ಕ್ಯೂಟ್ ಮರುಶುರುವಾಗಿ ಮೊದಲ ಮೋಡಿಗೆ ಹಾರುತ್ತದೆ. ಅದನ್ನು ನೋಡಿದವರು ಮೋಡ್ ತಾನಾಗಿಯೇ ಬದಲಾಗುತ್ತಿದೆ ಎನ್ನುತ್ತಾರೆ. ಎರಡೂ ಒಂದೇ ಕಾಯಿಲೆ.

ಪರೀಕ್ಷೆ ಸುಲಭ. ಸಾಧನವನ್ನು ಪಿಸ್ತೂಲಿನಿಂದ ಬಿಚ್ಚಿ, ಬೆಳಗಿಸಿ, ಒಂದು ಕೈಯಲ್ಲಿ ಹಿಡಿದು ಇನ್ನೊಂದು ಅಂಗೈಗೆ ತಟ್ಟಿ. ಲೆನ್ಸ್ ಕಡೆಯಿಂದ, ಬಾಲದ ಕಡೆಯಿಂದ, ಪಕ್ಕದಿಂದ. ಯಾವ ಕಡೆ ತಟ್ಟಿದಾಗ ಮಿಟುಕುತ್ತದೆ ನೋಡಿಕೊಳ್ಳಿ. ಸೆಲ್ ಉದ್ದಕ್ಕೂ ಇರುವ ದಿಕ್ಕಿನಲ್ಲಿ ತಟ್ಟಿದಾಗ ಮಾತ್ರ ಆದರೆ ಸ್ಪ್ರಿಂಗ್ ಅಥವಾ ಮುಚ್ಚಳ. ಎಲ್ಲ ಕಡೆಯಿಂದಲೂ ಆದರೆ ಒಳಗೆ ಬೆಸುಗೆ ಬಿಟ್ಟಿರಬಹುದು. ಅದು ತಯಾರಕರ ಕೆಲಸ.

ಸ್ಪ್ರಿಂಗ್ ತುದಿ, ಸೆಲ್ ತುದಿ, ಮುಚ್ಚಳದ ಒಳಗಿನ ಪಟ್ಟಿ ಮೂರನ್ನೂ ಹತ್ತಿಕಡ್ಡಿಗೆ ಐಸೋಪ್ರೊಪೈಲ್ ಆಲ್ಕೋಹಾಲ್ ಹಚ್ಚಿ ಒರೆಸಿ. ಹತ್ತಿ ಕಪ್ಪಾಯಿತೇ? ಒದೆತಕ್ಕೆ ಲೋಹ ಲೋಹ ಉಜ್ಜಿ ಉದುರಿದ ಪುಡಿ ಅದು. ಕರೆಂಟಿಗೆ ಅದೇ ಅಡ್ಡ. ಒರೆಸಿದ ಮೇಲೆ ಮತ್ತೆ ತಟ್ಟಿ ನೋಡಿ. ಸ್ಪ್ರಿಂಗನ್ನು ಇಕ್ಕಳದಲ್ಲಿ ಎಳೆದು ಉದ್ದ ಮಾಡುವುದು ನನಗೆ ಒಪ್ಪಿಗೆಯಿಲ್ಲ. ಅದು ಓರೆಯಾಗಿ ನಿಂತು ಸೆಲ್ಲಿನ ಅಂಚನ್ನು ಮುಟ್ಟಿದರೆ ಶಾರ್ಟ್ ಆಗುತ್ತದೆ.

ಮುಚ್ಚಳದ ರಬ್ಬರ್ ರಿಂಗ್ ಒಣಗಿ ಮಡಿಚಿಕೊಂಡರೆ ಮುಚ್ಚಳ ಪೂರ್ತಿ ಕೂರುವುದಿಲ್ಲ. ಸಿಲಿಕೋನ್ ಗ್ರೀಸ್ ಒಂದು ತೆಳು ಪದರ ಹಚ್ಚಿದರೆ ಸಾಕು.

ಗುಂಡು ಹಾರಿಸುವುದಕ್ಕೂ ಆರುವುದಕ್ಕೂ ಸಂಬಂಧವಿಲ್ಲ, ಒಂದೆರಡು ನಿಮಿಷಕ್ಕೆ ಬೆಳಕು ಇಳಿಯುತ್ತದೆ ಅಂದರೆ ಶಾಖ. ಚಿಕ್ಕ ಮೈಯಲ್ಲಿ ಬಿಸಿ ಹರಡಲು ಜಾಗವಿಲ್ಲ. ಎಲ್‌ಇಡಿ ಸುಟ್ಟುಹೋಗದಿರಲೆಂದು ಸರ್ಕ್ಯೂಟೇ ಬೆಳಕು ತಗ್ಗಿಸುತ್ತದೆ. ಪೆಟ್ಟಿಗೆಯ ಮೇಲಿನ ಲೂಮೆನ್ ಅಂಕಿಯನ್ನು, ಅಂದರೆ ಬೆಳಕಿನ ಅಳತೆಯನ್ನು, ಎಫ್‌ಎಲ್1 ಎಂಬ ಟಾರ್ಚ್ ಮಾನದಂಡದಂತೆ ಅಳೆದಿದ್ದರೆ, ಅದು ಬೆಳಗಿಸಿ 30 ಸೆಕೆಂಡ್ ಆದ ಮೇಲಿನ ಅಂಕಿ. ಐದನೇ ನಿಮಿಷದಲ್ಲಿ ಎಷ್ಟಿರುತ್ತದೆ ಎಂದು ಆ ಅಂಕಿ ಹೇಳುವುದಿಲ್ಲ. ಅದೇ ಮಾನದಂಡದಲ್ಲಿ ಬ್ಯಾಟರಿ ಆಯುಷ್ಯ ಎಂದರೆ ಬೆಳಕು ಮೊದಲಿನದರ ಶೇ. 10ಕ್ಕೆ ಇಳಿಯುವವರೆಗಿನ ಹೊತ್ತು. ಒಂದೂವರೆ ಗಂಟೆ ಎಂದು ಬರೆದಿದ್ದರೆ ಕೊನೆಯ ಭಾಗ ತೀರಾ ಮಂಕು ಇರಬಹುದು. ಸ್ವಭಾವವೋ ದೋಷವೋ ತಿಳಿಯಲು ಸಾಧನವನ್ನು ತಣ್ಣಗಾಗಲು ಬಿಡಿ. ಅದೇ ಸೆಲ್ಲಿನಲ್ಲಿ ಮತ್ತೆ ಪೂರ್ತಿ ಬೆಳಕು ಬಂದರೆ ಶಾಖ. ಬಾರದಿದ್ದರೆ ಸೆಲ್.

ಹತ್ತು ನಿಮಿಷಕ್ಕೆ ಸರಿಯಾಗಿ ಪೂರ್ತಿ ಆರಿದರೆ ಗಾಬರಿ ಬೇಡ. ಸ್ಟ್ರೀಮ್‌ಲೈಟ್ ಟಿಎಲ್‌ಆರ್-6ರಂಥ ಮಾದರಿಗಳಲ್ಲಿ ಬ್ಯಾಟರಿ ಉಳಿಸಲೆಂದೇ 10 ನಿಮಿಷಕ್ಕೆ ತಾನಾಗಿ ಆರುವ ವ್ಯವಸ್ಥೆ ಇದೆ.

ಬೆಳಕು ದಿನೇ ದಿನೇ ಮಂಕಾಗುತ್ತಿದೆ ಅನಿಸಿದರೆ ಲೆನ್ಸ್ ನೋಡಿ. ನಳಿಗೆಯ ಬಾಯಿಯಿಂದ ಬರುವ ಮಸಿ ನೇರ ಅದರ ಮೇಲೆ ಕೂರುತ್ತದೆ. ಆಲ್ಕೋಹಾಲಿನಲ್ಲಿ ನೆನೆಸಿದ ಬಟ್ಟೆಯನ್ನು ಕೆಲವು ನಿಮಿಷ ಅದರ ಮೇಲೆ ಇಟ್ಟು ಒರೆಸಿ. ಗಟ್ಟಿ ಮಸಿಗೆ ಪೆನ್ಸಿಲ್ ರಬ್ಬರ್ ಸಾಕು. ಚಾಕು, ಬ್ಲೇಡ್ ತಾಗಿಸಬೇಡಿ. ಲೇಸರ್ ಕಿಂಡಿಗೆ ರಬ್ಬರೂ ಬೇಡ, ಹತ್ತಿಕಡ್ಡಿ ಮಾತ್ರ.

ಚುಕ್ಕೆ ಒಂದು ಕಡೆ, ಗುಂಡು ಇನ್ನೊಂದು ಕಡೆ

ಜಾಸ್ತಿ ಜನ ಸೋಲುವುದು ಇಲ್ಲಿ. ಸ್ಕ್ರೂ ಮುಟ್ಟುವ ಮೊದಲು ಒಂದು ಕಾಗದ ತೆಗೆದುಕೊಂಡು ಲೆಕ್ಕ ಹಾಕಿ.

ಲೇಸರ್ ನಳಿಗೆಯ ಕೆಳಗಿದೆ. ನಡುವಿನ ಅಂತರ 4 ಸೆಂ.ಮೀ. ಅಂದುಕೊಳ್ಳಿ. 10 ಮೀಟರಿನಲ್ಲಿ ಚುಕ್ಕೆಯೂ ಗುಂಡೂ ಒಂದೇ ಕಡೆ ಬೀಳುವಂತೆ ಹೊಂದಿಸಿದ್ದೀರಿ. ಹಾಗಾದರೆ ಲೇಸರ್ ಗೆರೆ ಕೆಳಗಿನಿಂದ ಮೇಲಕ್ಕೆ ಓರೆಯಾಗಿ ಏರುತ್ತಿದೆ. 5 ಮೀಟರಿನಲ್ಲಿ ಅದು ಇನ್ನೂ ಅರ್ಧ ದಾರಿಯಲ್ಲಿದೆ. ಅಲ್ಲಿ ಗುಂಡು ಚುಕ್ಕೆಗಿಂತ ಸುಮಾರು 2 ಸೆಂ.ಮೀ. ಮೇಲೆ ಬೀಳುತ್ತದೆ. 20 ಮೀಟರಿನಲ್ಲಿ ಗೆರೆ ಗುಂಡಿನ ದಾರಿಯನ್ನು ದಾಟಿ ಮೇಲೆ ಹೋಗಿದೆ. ಅಲ್ಲಿ ಗುಂಡು ಚುಕ್ಕೆಗಿಂತ 4 ಸೆಂ.ಮೀ. ಕೆಳಗೆ, ಗುಂಡು ತಾನೇ ಇಳಿಯುವುದನ್ನು ಸೇರಿಸಿದರೆ ಇನ್ನೊಂದು ಸೆಂ.ಮೀ. ಹತ್ತಿರ ಕೆಳಗೆ. ಲೇಸರ್ ಲೈಟಿನ ಪಕ್ಕದಲ್ಲಿ ಕೂತಿದ್ದರೆ ಎಡಬಲಕ್ಕೂ ಇದೇ ಲೆಕ್ಕ. ಹತ್ತಿರದಲ್ಲಿ ಎಡಕ್ಕೆ ಇದ್ದದ್ದು ದೂರದಲ್ಲಿ ಬಲಕ್ಕೆ ಹೋಗುತ್ತದೆ.

ಇದು ದೋಷವಲ್ಲ. ಒಂದು ದೂರಕ್ಕೆ ಹೊಂದಿಸಿದ ಲೇಸರ್ ಆ ಒಂದು ದೂರದಲ್ಲಿ ಮಾತ್ರ ನಿಖರ. ನಿಮ್ಮ ದೂರು ಈ ಲೆಕ್ಕದೊಳಗೆ ಬಂದರೆ ಸ್ಕ್ರೂ ಡ್ರೈವರ್ ಕೆಳಗಿಡಿ.

ಲೆಕ್ಕದ ಆಚೆಗೂ ತಪ್ಪುತ್ತಿದೆ ಎಂದರೆ ಮುಂದಿನ ಪ್ರಶ್ನೆ, ತಪ್ಪುತ್ತಿರುವುದು ಲೇಸರೋ ಪಿಸ್ತೂಲೋ ಕೈಯೋ? ಶೂಟಿಂಗ್ ರೇಂಜಿನಲ್ಲಿ ಮರಳು ಚೀಲದ ಮೇಲೆ ಪಿಸ್ತೂಲು ಇಟ್ಟು, ಲೇಸರ್ ಆರಿಸಿ, ಪಿಸ್ತೂಲಿನ ಮೇಲೇ ಇರುವ ಗುರಿಗುರುತನ್ನು (ಸೈಟ್) ನೋಡಿ ಐದು ಗುಂಡು ಹೊಡೆಯಿರಿ. ತೂತುಗಳೇ ಚದುರಿದ್ದರೆ ಲೇಸರಿಗೆ ಬೈಯುವುದರಲ್ಲಿ ಅರ್ಥವಿಲ್ಲ. ತೂತುಗಳು ಒತ್ತಾಗಿ ಬಂದು, ಲೇಸರ್ ನೋಡಿ ಹೊಡೆದಾಗಲೂ ಒತ್ತಾಗಿ ಬಂದು, ಆದರೆ ಜಾಗ ಮಾತ್ರ ಬೇರೆಯಾದರೆ ಬರೀ ಹೊಂದಾಣಿಕೆ ಸಾಕು. ಲೇಸರ್ ನೋಡಿದಾಗ ಮಾತ್ರ ಚದುರಿದರೆ ಎರಡು ಕಾರಣ. ಒಂದು, ಚುಕ್ಕೆ ಅಲುಗುವುದನ್ನು ಕಂಡು, ಅದು ನಡುವಿಗೆ ಬಂದ ಕ್ಷಣ ಟ್ರಿಗರನ್ನು ಜಗ್ಗುವ ಅಭ್ಯಾಸ. ಲೇಸರ್ ಬಳಸುವ ಹೊಸಬರಲ್ಲಿ ಇದು ತುಂಬ ಸಾಮಾನ್ಯ. ಇನ್ನೊಂದು, ಸಾಧನ ನಿಜವಾಗಿ ಅಲುಗಾಡುತ್ತಿರುವುದು.

ಅಲುಗಾಟವನ್ನು ಗುಂಡು ಖರ್ಚು ಮಾಡದೆ ಹಿಡಿಯಬಹುದು. ಖಾಲಿ ಪಿಸ್ತೂಲನ್ನು ಬಟ್ಟೆ ಸುತ್ತಿ ವೈಸ್‌ನಲ್ಲಿ, ಅಂದರೆ ಮೇಜಿಗೆ ಬಿಗಿಸಿದ ಹಿಡಿಕಟ್ಟಿನಲ್ಲಿ ಮೆತ್ತಗೆ ಹಿಡಿಸಿ. 10 ಮೀಟರ್ ದೂರದ ಗೋಡೆಯ ಕಾಗದದ ಮೇಲೆ ಚುಕ್ಕೆ ಬೀಳಲಿ, ಪೆನ್ಸಿಲಿನಲ್ಲಿ ಗುರುತು ಹಾಕಿ. ಈಗ ಸಾಧನದ ಮೂತಿಯನ್ನು ಬೆರಳಿಂದ ಪಕ್ಕಕ್ಕೆ ಒತ್ತಿ ಬಿಡಿ.

ಚುಕ್ಕೆ ಸರಿದು, ಬಿಟ್ಟಾಗ ಅದೇ ಗುರುತಿಗೆ ವಾಪಸ್ ಬಂದರೆ ಪಿಸ್ತೂಲಿನ ಪಾಲಿಮರ್ (ಪ್ಲಾಸ್ಟಿಕ್) ಚೌಕಟ್ಟು ಬಾಗುತ್ತಿದೆ ಅಷ್ಟೇ. ಅದನ್ನು ಒಪ್ಪಿಕೊಳ್ಳಬಹುದು. ಸರಿದದ್ದು ವಾಪಸ್ ಬಾರದಿದ್ದರೆ ಕ್ಲ್ಯಾಂಪ್ ಸಡಿಲ. ಒತ್ತಿದಾಗ ಏನೂ ಆಗದೆ, ಸಾಧನದ ಮೈಗೆ ಸ್ಕ್ರೂ ಡ್ರೈವರ್ ಹಿಡಿಯಿಂದ ಮೆಲ್ಲಗೆ ತಟ್ಟಿದಾಗ ಚುಕ್ಕೆ ಹಾರಿ ಬೇರೆ ಕಡೆ ನಿಂತರೆ ಒಳಗಿನ ಲೇಸರ್ ಗೂಡೇ ಸಡಿಲವಾಗಿದೆ. ಹೊಂದಾಣಿಕೆ ಸ್ಕ್ರೂಗಳು ಆ ಗೂಡನ್ನು ಒಂದು ಕಡೆಯಿಂದ ತಳ್ಳುತ್ತವೆ, ಎದುರು ಕಡೆ ಸ್ಪ್ರಿಂಗ್ ತಡೆಯುತ್ತದೆ. ಸ್ಕ್ರೂವನ್ನು ಕೊನೆಯವರೆಗೂ ಹೊರಕ್ಕೆ ತಿರುಗಿಸಿಬಿಟ್ಟರೆ ಸ್ಪ್ರಿಂಗಿಗೆ ಬಿಗಿ ಉಳಿಯುವುದಿಲ್ಲ, ಗೂಡು ತೇಲುತ್ತದೆ. ಹೊಂದಾಣಿಕೆ ಯಾವಾಗಲೂ ಸ್ಕ್ರೂವಿನ ನಡು ಹಾದಿಯಲ್ಲಿ ಮುಗಿಯುವುದು ಒಳ್ಳೆಯದು. ತುದಿಗೆ ಹೋದರೂ ಚುಕ್ಕೆ ಬೇಕಾದಲ್ಲಿಗೆ ಬರುತ್ತಿಲ್ಲ ಎಂದರೆ ಸ್ಕ್ರೂವಿನ ತಪ್ಪಲ್ಲ, ಸಾಧನವೇ ರೈಲಿನಲ್ಲಿ ಓರೆ ಕೂತಿದೆ. ಒತ್ತಾಯ ಮಾಡಿದರೆ ಪುಟ್ಟ ಅಲೆನ್ ಸ್ಕ್ರೂವಿನ ತಲೆ ಸವೆದು ಮುಂದೆ ಯಾರೂ ತಿರುಗಿಸಲಾಗದಂತೆ ಆಗುತ್ತದೆ.

ಓರೆ ಎಂದರೆ ಎಷ್ಟು ಓರೆ? ಪುಟ್ಟ ಸಾಧನ ರೈಲನ್ನು ಹಿಡಿಯುವ ಉದ್ದ 40 ಮಿ.ಮೀ. ಎಂದಿಟ್ಟುಕೊಳ್ಳಿ. ಅದರ ಒಂದು ತುದಿ 0.1 ಮಿ.ಮೀ. ಎದ್ದರೆ, ಅಂದರೆ ಒಂದು ಹಾಳೆ ಕಾಗದದ ದಪ್ಪ, 10 ಮೀಟರಿನಲ್ಲಿ ಚುಕ್ಕೆ 2.5 ಸೆಂ.ಮೀ. ಸರಿಯುತ್ತದೆ. 20 ಮೀಟರಿನಲ್ಲಿ 5. ಇದರ ಎರಡು ಪಟ್ಟು ಉದ್ದ ಹಿಡಿಯುವ ದೊಡ್ಡ ಸಾಧನದಲ್ಲಿ ಅಷ್ಟೇ ಕೊಳೆ ಅರ್ಧದಷ್ಟು ತಪ್ಪು ಮಾಡುತ್ತದೆ. ರೈಲಿನ ಮೇಲೆ ಒಣಗಿದ ಎಣ್ಣೆ, ಮರಳಿನ ಕಣ, ಹಳೆ ಸ್ಟಿಕ್ಕರಿನ ಅಂಟು ಏನಿದ್ದರೂ ಚಿಕ್ಕ ಸಾಧನದ ಗುರಿ ಹೋಯಿತೆಂದೇ ಲೆಕ್ಕ. ಚಿಕ್ಕದಕ್ಕೆ ಶುಚಿ ಇನ್ನೂ ಜಾಸ್ತಿ ಬೇಕು ಎಂದು ನಾನು ಹೇಳುವುದು ಈ ಅಂಕಿ ನೋಡಿ.

ರೈಲಿನ ವಿಷಯದಲ್ಲಿ ಇನ್ನೊಂದು ತಪ್ಪು ಮೇಲಿಂದ ಮೇಲೆ ಆಗುತ್ತದೆ. ಪಿಕಟಿನ್ನಿ ರೈಲು, ಅಂದರೆ ಎಂಐಎಲ್-ಎಸ್‌ಟಿಡಿ-1913 ಎಂಬ ಅಮೆರಿಕದ ಸೇನಾ ಮಾನದಂಡದ್ದು, ಅದರ ಅಡ್ಡ ಗೀರಿನ ಅಗಲ 5.23 ಮಿ.ಮೀ., ಒಂದು ಗೀರಿನಿಂದ ಇನ್ನೊಂದಕ್ಕೆ 10.01 ಮಿ.ಮೀ. ಆದರೆ ಪಿಸ್ತೂಲುಗಳ ರೈಲು ಎಲ್ಲವೂ ಹೀಗಿಲ್ಲ. ಗ್ಲಾಕ್‌ ರೈಲಿನ ಗೀರಿನ ಅಳತೆ ಬೇರೆ. ಸಿಗ್ ಪಿ365ರ ರೈಲಿನ ಆಕಾರವೇ ಅದರದ್ದೇ ಆದದ್ದು. ಹಾಗಾಗಿಯೇ ಟಿಎಲ್‌ಆರ್-7 ಸಬ್ ಎಂಬ ಲೈಟನ್ನು ಬೇರೆ ಬೇರೆ ಪಿಸ್ತೂಲುಗಳಿಗೆ ಬೇರೆ ಬೇರೆಯಾಗಿ ಮಾಡುತ್ತಾರೆ. ಹಲವು ಸಾಧನಗಳ ಪೆಟ್ಟಿಗೆಯಲ್ಲಿ ಎರಡು ಮೂರು ಅಡ್ಡಪಟ್ಟಿಗಳು ಬರುತ್ತವೆ. ಗೀರಿನಲ್ಲಿ ಕೂತು ಸಾಧನ ಹಿಂದೆಮುಂದೆ ಜಾರದಂತೆ ತಡೆಯುವುದು ಅವೇ. ಕಿರಿದಾದ ಪಟ್ಟಿ ಹಾಕಿದ್ದರೂ ಸಾಧನ ಬಿಗಿಯಾಗಿ ಕೂತಂತೆ ಕಾಣುತ್ತದೆ. ಆಮೇಲೆ ಪ್ರತಿ ಒದೆತಕ್ಕೂ ಕೂದಲೆಳೆಯಷ್ಟು ಜಾರುತ್ತದೆ. ಸ್ಕ್ರೂ ಬಿಗಿ ಇದೆ, ಆದರೂ ಗುರಿ ಪ್ರತಿ ದಿನ ಬೇರೆ ಎನ್ನುವವರು ಮೊದಲು ಈ ಪಟ್ಟಿಯ ಮೇಲಿನ ಅಕ್ಷರ ಓದಬೇಕು.

ಬಿಗಿ ಮಾಡುವಾಗ ಸಾಧನವನ್ನು ಮುಂದಕ್ಕೆ ತಳ್ಳಿ, ಪಟ್ಟಿ ಗೀರಿನ ಮುಂದಿನ ಅಂಚಿಗೆ ತಾಗಿದ ಮೇಲೆ ಸ್ಕ್ರೂ ತಿರುಗಿಸಿ. ಒದೆತಕ್ಕೆ ಪಿಸ್ತೂಲು ಹಿಂದೆ ಹೋದಾಗ ಸಾಧನ ಮುಂದಕ್ಕೆ ಜಾರಲು ನೋಡುತ್ತದೆ. ಮೊದಲೇ ಅಲ್ಲಿಗೆ ಒತ್ತಿಕೊಂಡಿದ್ದರೆ ಜಾರಲು ಜಾಗ ಇರುವುದಿಲ್ಲ. ಬಿಗಿಯಾದ ಮೇಲೆ ಸ್ಕ್ರೂ ತಲೆಯಿಂದ ಮೈಗೆ ಬಿಳಿ ಪೇಂಟ್ ಪೆನ್ನಿನಿಂದ ಒಂದು ಗೆರೆ ಎಳೆಯಿರಿ. ಸ್ಕ್ರೂ ಸಡಿಲವಾದರೆ ಗೆರೆ ಮುರಿದು ಕಾಣುತ್ತದೆ. ಸ್ಕ್ರೂ ಸಡಿಲವಾಗದಂತೆ ಹಿಡಿಯುವ ಅಂಟು, ಅಂದರೆ ಥ್ರೆಡ್ ಲಾಕರ್ ಹಾಕುವವರು ನೀಲಿಯದನ್ನು ಮಾತ್ರ, ಅದೂ ಲೋಹಕ್ಕೆ ಲೋಹ ಇರುವ ಕಡೆ ಮಾತ್ರ ಹಾಕಿ. ಆ ದ್ರವ ಕೆಲವು ಪ್ಲಾಸ್ಟಿಕ್ ಮೈಯನ್ನು ಸೀಳಿಬಿಡುತ್ತದೆ.

ಬಿಚ್ಚಿ ಹಾಕಿದರೆ ಗುರಿ ಉಳಿಯುತ್ತದೆಯೇ? ಅದೇ ವೈಸ್, ಅದೇ ಗೋಡೆ. ಸಾಧನವನ್ನು ಬಿಚ್ಚಿ ಮತ್ತೆ ಹಾಕಿ ಚುಕ್ಕೆ ಗುರುತು ಮಾಡಿ. ಹೀಗೆ ಐದಾರು ಸಲ. ಗುರುತುಗಳ ಗುಂಪು ಎಷ್ಟು ಅಗಲವೋ ಅಷ್ಟು ನಿಮ್ಮ ಸಾಧನದ ಮಿತಿ. ಹೊಸದನ್ನು ಅಳೆದು ನೋಡುವವರಿಗೆ ಲೂಮೆನ್ ಅಂಕಿಗಿಂತ ಇದು ಎಷ್ಟೋ ಹೆಚ್ಚು ಹೇಳುತ್ತದೆ ಎಂಬುದು ನನ್ನ ಅಭಿಪ್ರಾಯ. ಗುಂಪು ಅಗಲವಾಗಿದ್ದರೆ ಬ್ಯಾಟರಿ ಬದಲಾಯಿಸಲು ಸಾಧನ ಬಿಚ್ಚಲೇಬೇಕಾದ ಮಾದರಿಯನ್ನು ಕೊಳ್ಳದಿರುವುದೇ ಒಳ್ಳೆಯದು. ಪ್ರತಿ ಸೆಲ್ ಬದಲಾವಣೆಗೂ ಮತ್ತೆ ಗುರಿ ಹೊಂದಿಸಬೇಕಾಗುತ್ತದೆ.

ಸೈಟ್ ಒಂದು ಕಡೆ ಚುಕ್ಕೆ ಒಂದು ಕಡೆ ತೋರಿಸುತ್ತದೆ ಎಂಬ ದೂರಿಗೂ ಉತ್ತರ ಇಲ್ಲೇ ಇದೆ. ಸೈಟ್ ಕೂತಿರುವುದು ಸ್ಲೈಡ್ ಮೇಲೆ, ಲೇಸರ್ ಕೂತಿರುವುದು ಚೌಕಟ್ಟಿನ ಮೇಲೆ. ಇವೆರಡರ ನಡುವೆ ಸ್ವಲ್ಪ ಸಡಿಲ ಇರಲೇಬೇಕು, ಇಲ್ಲದಿದ್ದರೆ ಪಿಸ್ತೂಲು ಓಡುವುದಿಲ್ಲ. ಸ್ಲೈಡನ್ನು ಬೆರಳಿಂದ ಪಕ್ಕಕ್ಕೆ ಒತ್ತಿದರೆ ಸೈಟ್ ಸರಿಯುತ್ತದೆ, ಚುಕ್ಕೆ ಅಲ್ಲೇ ಇರುತ್ತದೆ. ಎರಡೂ ಕೂದಲೆಳೆಯಷ್ಟೂ ತಪ್ಪದೆ ಒಂದೇ ಕಡೆ ಇರಬೇಕೆಂಬ ನಿರೀಕ್ಷೆಯೇ ಸರಿಯಲ್ಲ.

ಲೇಸರ್ ಕಾಣಿಸುತ್ತಿಲ್ಲ

ಬಿಸಿಲಿನಲ್ಲಿ ಕೆಂಪು ಚುಕ್ಕೆ ಕೆಲವೇ ಮೀಟರ್ ಆಚೆ ಕಳೆದುಹೋಗುತ್ತದೆ. ಅದು ಲೇಸರಿನ ಬಲ ಕಡಿಮೆ ಎಂದಲ್ಲ, ನಮ್ಮ ಕಣ್ಣಿನ ರೀತಿ. ಹಗಲಲ್ಲಿ ಕಣ್ಣಿಗೆ ಅತಿ ಹೆಚ್ಚು ಕಾಣುವುದು 555 ನ್ಯಾನೋಮೀಟರ್ ಅಲೆಯುದ್ದದ ಹಸಿರು. ಅಷ್ಟೇ ಮಿಲಿವ್ಯಾಟಿನ 532ರ ಹಸಿರು ಲೇಸರ್ 650ರ ಕೆಂಪಿಗಿಂತ ಸುಮಾರು ಎಂಟು ಪಟ್ಟು ಪ್ರಕಾಶ ಕಾಣುತ್ತದೆ, 635ರ ಕೆಂಪಿಗಿಂತ ಸುಮಾರು ನಾಲ್ಕು ಪಟ್ಟು. ಕತ್ತಲೆ ಕೋಣೆಯಲ್ಲಿ ಚುಕ್ಕೆ ಚೆನ್ನಾಗಿ ಕಂಡರೆ ಸಾಧನ ಸರಿಯಾಗಿದೆ. ಲೈಟೂ ಲೇಸರೂ ಒಟ್ಟಿಗೆ ಬೆಳಗಿದಾಗ ಹತ್ತಿರದ ಬಿಳಿ ಗೋಡೆ ಮೇಲೆ ಚುಕ್ಕೆ ಮಂಕಾಗುವುದೂ ಹೀಗೇ.

ಚಳಿಯಲ್ಲಿ ಮಾತ್ರ ಹಸಿರು ಲೇಸರ್ ಸಾಯುತ್ತದೆ ಎಂದರೆ ಅದು ಹಳೆಯ ಬಗೆಯದು. ಅದರೊಳಗೆ ನೇರ ಹಸಿರು ಹುಟ್ಟುವುದಿಲ್ಲ. 808 ನ್ಯಾನೋಮೀಟರಿನ ಬೆಳಕು ಹುಟ್ಟಿಸುವ ಪುಟ್ಟ ಭಾಗ, ಅಂದರೆ ಡಯೋಡ್ ಒಂದು ಹರಳನ್ನು ಉದ್ದೀಪಿಸಿ 1064 ಮಾಡುತ್ತದೆ, ಇನ್ನೊಂದು ಹರಳು ಅದನ್ನು ಅರ್ಧ ಮಾಡಿ 532ರ ಹಸಿರು ಕೊಡುತ್ತದೆ. ತಣ್ಣಗಾದಾಗ ಡಯೋಡಿನ ಅಲೆಯುದ್ದ ಸರಿದು ಮೊದಲ ಹರಳಿಗೆ ಹೊಂದುವುದಿಲ್ಲ. ಸರಪಳಿ ಅಲ್ಲೇ ಕಡಿಯುತ್ತದೆ. ಸಾಧನವನ್ನು ಬಿಚ್ಚಿ ಜೇಬಿನಲ್ಲಿ ಹತ್ತು ನಿಮಿಷ ಇಟ್ಟು ನೋಡಿ. ಚುಕ್ಕೆ ಮರಳಿದರೆ ಕೆಟ್ಟಿಲ್ಲ. 510ರಿಂದ 520ರ ಸುಮಾರಿನ ನೇರ ಹಸಿರು ಡಯೋಡ್ ಇರುವ ಹೊಸವುಗಳಲ್ಲಿ ಈ ತೊಂದರೆ ತೀರಾ ಕಡಿಮೆ. ಚಳಿ ಜಾಸ್ತಿ ಇರುವ ಕಡೆ ಕೊಳ್ಳುವವರು ಪೆಟ್ಟಿಗೆಯ ಮೇಲಿನ ನ್ಯಾನೋಮೀಟರ್ ಅಂಕಿಯನ್ನು ಓದಿ ಕೊಳ್ಳಲಿ.

ಚುಕ್ಕೆ ದುಂಡಾಗಿಲ್ಲ, ಅಕ್ಕಿಕಾಳಿನಂತಿದೆ ಎಂದರೆ ಡಯೋಡಿನಿಂದ ಬೆಳಕು ಹೊರಡುವ ಆಕಾರವೇ ಹಾಗೆ. ಚುಕ್ಕೆಯ ಸುತ್ತ ಮಿಣಮಿಣ ಮರಳು ಕಂಡರೂ ಲೇಸರಿನ ಗುಣವೇ. ಆದರೆ ನಕ್ಷತ್ರದಂತೆ ಗೀರುಗಳು, ಪಕ್ಕದಲ್ಲಿ ಎರಡನೇ ಮಂಕು ಚುಕ್ಕೆ ಕಂಡರೆ ಕಿಂಡಿಗೆ ಎಣ್ಣೆ ಮೆತ್ತಿದೆ. ಒರೆಸಿದರೆ ಹೋಗುತ್ತದೆ. ಒರೆಸಿದರೂ ಹೋಗದಿದ್ದರೆ ಕಿಂಡಿಯ ಗಾಜಿಗೆ ಗೀರು ಬಿದ್ದಿದೆ.

ಸಾಧನ ಹಾಕಿದ ಮೇಲೆ ಪಿಸ್ತೂಲೇ ತೊಡಕಿದರೆ

ಇದನ್ನು ಹಗುರವಾಗಿ ತೆಗೆದುಕೊಳ್ಳಬೇಡಿ. ಲೈಟ್ ಕೆಟ್ಟರೆ ಕತ್ತಲೆ ಅಷ್ಟೇ. ಪಿಸ್ತೂಲು ಕೆಟ್ಟರೆ ಅದನ್ನು ಇಟ್ಟುಕೊಂಡ ಉದ್ದೇಶವೇ ಹೋಯಿತು. ಸ್ಲೈಡಿನ ಕೆಳಭಾಗ ಮತ್ತು ಸಾಧನದ ಮೇಲ್ಭಾಗ ಎರಡನ್ನೂ ನೋಡಿ. ಹೊಳೆಯುವ ಉಜ್ಜಿದ ಗುರುತು ಇದ್ದರೆ ಅವೆರಡೂ ತಾಗುತ್ತಿವೆ. ಕ್ಲ್ಯಾಂಪನ್ನು ಅತಿಯಾಗಿ ಬಿಗಿದರೆ ಪಾಲಿಮರ್ ಚೌಕಟ್ಟು ಹಿಂಡಿಕೊಂಡು ಸ್ಲೈಡ್ ಭಾರವಾಗಬಹುದು. ಖಾಲಿ ಪಿಸ್ತೂಲಿನಲ್ಲಿ ಸಾಧನವಿಲ್ಲದೆ ಸ್ಲೈಡನ್ನು ನಿಧಾನವಾಗಿ ಎಳೆದು ಬಿಡಿ, ಆಮೇಲೆ ಸಾಧನ ಹಾಕಿ ಹಾಗೇ ಮಾಡಿ. ಕೈಗೆ ವ್ಯತ್ಯಾಸ ತಿಳಿದರೆ ಬಿಗಿತ ಕಡಿಮೆ ಮಾಡಿ, ತಯಾರಕರು ಹೇಳಿದ ಅಳತೆಗೆ ತನ್ನಿ. ಟ್ರಿಗರ್ ಗಾರ್ಡನ್ನು ಎರಡು ಹೋಳಿನಿಂದ ಅಪ್ಪಿಕೊಳ್ಳುವ ಮಾದರಿಗಳಲ್ಲಿ ಹೋಳುಗಳ ಅಂಚು ಟ್ರಿಗರಿಗೋ ಮ್ಯಾಗಜಿನ್ ಬಿಡಿಸುವ ಗುಂಡಿಗೋ ತಾಗುತ್ತಿಲ್ಲ ಎಂದೂ ನೋಡಬೇಕು.

ಸ್ವಿಚ್ ಒತ್ತುವ ಬೆರಳು ಯಾವುದು ಎಂಬುದನ್ನೂ ಖಾಲಿ ಪಿಸ್ತೂಲಿನಲ್ಲೇ ತೀರ್ಮಾನಿಸಿ. ಟ್ರಿಗರ್ ಬೆರಳಿನಿಂದ ಸ್ವಿಚ್ ಒತ್ತಬೇಕಾದರೆ ನನ್ನ ಲೆಕ್ಕದಲ್ಲಿ ಆ ಸಾಧನ ಆ ಕೈಗೆ ಹೊಂದುವುದಿಲ್ಲ. ಇನ್ನೊಂದು ಕೈಯ ಹೆಬ್ಬೆರಳಿಗೆ ಸ್ವಿಚ್ ಎಟುಕಬೇಕು. ಎಟುಕದಿದ್ದರೆ ಬೇರೆ ಮಾದರಿ ನೋಡಿ. ಅದು ಎಷ್ಟೇ ಬೆಳಕು ಕೊಡಲಿ.

ಹೋಲ್‌ಸ್ಟರಿನಲ್ಲಿ ಇಟ್ಟಾಗಲೇ ಬ್ಯಾಟರಿ ಖಾಲಿಯಾಗುತ್ತಿದ್ದರೆ ಒಳಗೆ ಸ್ವಿಚ್ ಒತ್ತಿಕೊಳ್ಳುತ್ತಿದೆ. ಕತ್ತಲೆ ಕೋಣೆಯಲ್ಲಿ ಖಾಲಿ ಪಿಸ್ತೂಲನ್ನು ಒಳಗೆ ಹಾಕುತ್ತಾ, ತೆಗೆಯುತ್ತಾ ಸಂದುಗಳಲ್ಲಿ ಬೆಳಕು ಕಾಣುತ್ತದೆಯೇ ನೋಡಿ. ಕಂಡರೆ ಆ ಸಾಧನಕ್ಕೇ ಮಾಡಿದ ಹೋಲ್‌ಸ್ಟರ್ ಬೇಕು.

ವಾಪಸ್ ಕಳಿಸುವಾಗ

ಲೇಸರ್ ಗೂಡು, ಲೆನ್ಸಿನ ಸೀಲ್, ಸರ್ಕ್ಯೂಟ್ ಈ ಮೂರನ್ನು ಮನೆಯಲ್ಲಿ ಬಿಚ್ಚಬೇಡಿ. ಗೂಡು ಬಿಚ್ಚಿದರೆ ಲೇಸರ್ ಮತ್ತೆ ನೇರವಾಗುವುದಿಲ್ಲ, ಸೀಲ್ ಒಡೆದರೆ ನೀರು ತಡೆಯುವುದಿಲ್ಲ, ವಾರಂಟಿಯೂ ಹೋಗುತ್ತದೆ. ಲೆನ್ಸಿನ ಒಳಗಡೆ ಮಂಜು ಕಂಡರೆ ಸೀಲ್ ಹೋಗಿದೆ ಎಂದು ತಿಳಿದು ನೇರ ಕಳಿಸಿ.

ಕಳಿಸುವ ಮೊದಲು ಒಂದು ಚೀಟಿ ಬರೆಯಿರಿ. ಯಾವ ಪಿಸ್ತೂಲು, ಯಾವ ಅಡ್ಡಪಟ್ಟಿ, ಯಾವ ಸೆಲ್, ಭಾರ ಹಾಕಿದಾಗ ಎಷ್ಟು ವೋಲ್ಟ್, ಯಾವ ಕಡೆ ತಟ್ಟಿದಾಗ ಮಿಟುಕಿತು, ಗೋಡೆಯ ಗುರುತು ಎಷ್ಟು ಸರಿಯಿತು. "ಕೆಲಸ ಮಾಡುತ್ತಿಲ್ಲ" ಎಂದಷ್ಟೇ ಬರೆದರೆ ಅಲ್ಲಿ ಹೊಸ ಸೆಲ್ ಹಾಕಿ, ಬೆಳಗಿತು ಎಂದು ಹಾಗೇ ವಾಪಸ್ ಕಳಿಸುವ ಸಾಧ್ಯತೆ ಇದೆ. ಸೆಲ್‌ಗಳನ್ನು ತೆಗೆದು ಸಾಧನವನ್ನು ಮಾತ್ರ ಕಳಿಸಿ. ತೆಗೆದ ಲಿಥಿಯಂ ಸೆಲ್‌ಗಳ ಎರಡೂ ತುದಿಗೆ ಟೇಪ್ ಅಂಟಿಸಿ, ಬ್ಯಾಟರಿ ಮರುಬಳಕೆಗೆ ಕೊಡಿ.